ನೀಲಿ ಮ್ಯಾಟಿನ ರಕ್ಷಣೆ ಕುರಿತು

ಹಾನಗಲ್ಲ, ಶಿಗ್ಗಾಂವಿ, ಸವಣೂರು ಮತ್ತು ಹಿರೇಕೆರೂರು ತಾಲೂಕುಗಳ ಜಂಟಿ ಒಳಾಂಗಣ ಕ್ರೀಡಾಂಗಣದ ನೀಲಿ ಮ್ಯಾಟು, ಹಾಸಿ ಮೂರು ವರ್ಷ ನಾಲ್ಕು ತಿಂಗಳಾದರೂ, ಹಾಸಿದ ದಿನ ಹೇಗಿತ್ತೋ ಹಾಗೆಯೇ ಇದೆ ಎಂಬುದನ್ನು ಸಾರ್ವಜನಿಕರ ಅವಗಾಹನೆಗೆ ತರಲು ಸಮಿತಿಯು ಹರ್ಷಿಸುತ್ತದೆ. ಈ ಅವಧಿಯಲ್ಲಿ ಅದರ ಮೇಲೆ ಒಬ್ಬನೇ ಒಬ್ಬ ಆಟಗಾರ ಕಾಲಿಟ್ಟಿಲ್ಲ. ಇಂಥ ದಾಖಲೆಯನ್ನು ಬೇರೆ ಯಾವುದಾದರೂ ಕ್ರೀಡಾಂಗಣ ತೋರಿಸಿದರೆ ನಾನು ಮೀಸೆ ಬೋಳಿಸುತ್ತೇನೆ.

ನಾನು ಗುರುರಾಜ. ಸವಣೂರಿನವನು, ಸಮಿತಿಯ ಗುಮಾಸ್ತ. ನಮ್ಮ ಮುತ್ತಜ್ಜ ಶಾಸ್ತ್ರ ಓದಿದವರು. ವಾದಕ್ಕೆ ಕುಳಿತರೆ ಎದುರಿನವನ ಮಾತಿನ ಬೇರು ಕಿತ್ತು ಅವನ ಕೈಗೇ ಕೊಡುತ್ತಿದ್ದರಂತೆ. ಆ ವಿದ್ಯೆ ನನ್ನ ಕಾಲಕ್ಕೆ ಕಚೇರಿ ಟಿಪ್ಪಣಿಯಾಗಿ ಉಳಿದಿದೆ. ಕ್ರೀಡಾಂಗಣದ ನಿಯಮಾವಳಿ ಪೂರ್ತಿ ನನ್ನ ಕೈಬರಹ. ಕಟ್ಟಡಕ್ಕೆ ಬುನಾದಿ ತೋಡುವ ಮೊದಲೇ ನಾನು ಅದನ್ನು ಬರೆದು ಮುಗಿಸಿದ್ದೆ. ಕೂಸು ಹುಟ್ಟುವ ಮೊದಲು ಕುಲಾವಿ ಎಂದು ಕೆಲವರು ನಕ್ಕರು. ನಗಲಿ. ಕುಲಾವಿ ತಯಾರಿದ್ದುದರಿಂದಲೇ ಕೂಸಿಗೆ ಗಾಳಿ ತಾಗಲಿಲ್ಲ.

ಸ್ಥಳದ ಬಗ್ಗೆ ಜನರಲ್ಲಿ ಇರುವ ತಪ್ಪು ತಿಳುವಳಿಕೆಯನ್ನು ಇಲ್ಲಿಯೇ ನಿವಾರಿಸುತ್ತೇನೆ. ಕ್ರೀಡಾಂಗಣ ತಮ್ಮಲ್ಲೇ ಆಗಬೇಕೆಂದು ನಾಲ್ಕೂ ತಾಲೂಕಿನವರು ಹಟ ಹಿಡಿದಾಗ, ನಕ್ಷೆಯ ಮೇಲೆ ನಾಲ್ಕು ಊರಿಗೆ ಗುಂಡುಸೂಜಿ ಚುಚ್ಚಿ, ದಾರ ಕಟ್ಟಿ, ನಟ್ಟನಡುವಿನ ಜಾಗ ಹುಡುಕಲಾಯಿತು. ನಡು ಹೋಗಿ ಒಂದು ಕೆರೆಯಲ್ಲಿ ಬಿತ್ತು. ಕೆರೆಯಲ್ಲಿ ಕಟ್ಟಲು ಬರುವುದಿಲ್ಲವಾದ್ದರಿಂದ ದಾರವನ್ನು ಸ್ವಲ್ಪ ಜಗ್ಗಲಾಯಿತು. ಜಗ್ಗಿದ ದಾರ ಬಂಕಾಪುರದ ಆಚೆ, ಅಧ್ಯಕ್ಷರಾದ ಫಕ್ಕೀರೇಶಪ್ಪನವರ ಹೆಂಡತಿಯ ಅಣ್ಣನ ಹೊಲದಲ್ಲಿ ಬಂದು ನಿಂತಿತು. ಅದು ಕಲ್ಲಿನ ಹೊರತು ಏನೂ ಬೆಳೆಯದ ಹೊಲ. ಈಗ ಅಲ್ಲಿಗೆ ನಾಲ್ಕರಲ್ಲಿ ಯಾವ ಊರಿನಿಂದಲೂ ನೇರ ಬಸ್ಸಿಲ್ಲ. ಹೀಗಾಗಿ ಯಾವ ತಾಲೂಕಿಗೂ ಅನ್ಯಾಯವಾಗಿಲ್ಲ.

ಇನ್ನು ಮ್ಯಾಟು. ಅದು ಹಡಗಿನಲ್ಲಿ ಬಂದದ್ದು. ನೀಲಿ ಬಣ್ಣ, ಒತ್ತಿದರೆ ಮೆತ್ತಗೆ, ಬಿಟ್ಟರೆ ಮತ್ತೆ ಸಮ. ಅದರ ರಕ್ಷಣೆಗಾಗಿ ಮಾಡಿದ ನಿಯಮಗಳು ಮೂರೇ ಮೂರು. ನಿಯಮ ನಾಲ್ಕು: ಪಾದರಕ್ಷೆಯಿಂದ ಮ್ಯಾಟು ಸವೆಯುವುದರಿಂದ ಪಾದರಕ್ಷೆ ಧರಿಸಿದವರಿಗೆ ಪ್ರವೇಶವಿಲ್ಲ. ನಿಯಮ ಐದು: ಬೆವರಿನಿಂದ ಮ್ಯಾಟು ಬಣ್ಣಗೆಡುವುದರಿಂದ ಬರಿಗಾಲಿನವರಿಗೆ ಪ್ರವೇಶವಿಲ್ಲ. ನಿಯಮ ಆರು: ಉಳಿದೆಲ್ಲರಿಗೂ ಮುಕ್ತ ಪ್ರವೇಶವಿದೆ.

ಇದನ್ನು ಬರೆದ ದಿನ ಫಕ್ಕೀರೇಶಪ್ಪನವರು ನನ್ನ ಬೆನ್ನು ಚಪ್ಪರಿಸಿ, "ಆಚಾರ್ರ, ನಿಮ್ಮ ತಲಿಗೆ ಬಂಗಾರದ ತಗಡು ಬಡಸ್ಬೇಕ್ರಿ" ಅಂದರು.

ಆದರೆ ಕಟ್ಟಡ ಖಾಲಿ ಇತ್ತೆಂದು ಯಾರೂ ಭಾವಿಸಬಾರದು. ಮೊದಲ ವರ್ಷವೇ ಅರವತ್ತೊಂದು ಮದುವೆ, ಹನ್ನೊಂದು ಆರ್ಕೆಸ್ಟ್ರಾ, ಒಂದು ಸೀರೆ ಸೇಲ್ ಮತ್ತು ಟ್ರ್ಯಾಕ್ಟರ್ ಕಂಪನಿಯೊಂದರ ಗ್ರಾಹಕರ ಊಟ ನಡೆದವು. ಇವಕ್ಕೆಲ್ಲ ಶಾಮಿಯಾನದವನು ಮ್ಯಾಟಿನ ಮೇಲೆ ಕೆಂಪು ಕಾರ್ಪೆಟ್ ಹಾಸುತ್ತಾನೆ. ಯಾರ ಕಾಲೂ ಮ್ಯಾಟಿಗೆ ತಾಗುವುದಿಲ್ಲ. ಶಾಮಿಯಾನ ಯಾರದೆಂದು ಕೇಳುವವರಿಗೆ ಹೊಲ ಯಾರದಿತ್ತೋ ಅವರದೇ ಎಂದು ಹೇಳಬಹುದು. ಬಂಕಾಪುರದ ನವಿಲುಗಳೂ ಗವಾಕ್ಷಿಯಿಂದ ಬಂದು ಗ್ಯಾಲರಿಯಲ್ಲಿ ಕೂರುತ್ತವೆ. ಅವುಗಳನ್ನು ಪ್ರೇಕ್ಷಕರು ಎಂದು ತೋರಿಸಲಾಗಿದೆ.

ಜಯಾ ಬಂದದ್ದು ಜನವರಿಯಲ್ಲಿ. ತಡಸದ ಉಳಿವೆಪ್ಪನ ಮಗಳು, ಪಿಯುಸಿ ಎರಡನೇ ವರ್ಷ, ಕಬಡ್ಡಿಯಲ್ಲಿ ರೈಡರ್. ತಡಸದಿಂದ ಶಿಗ್ಗಾಂವಿಗೆ ಒಂದು ಬಸ್ಸು, ಅಲ್ಲಿಂದ ಬಂಕಾಪುರಕ್ಕೆ ಇನ್ನೊಂದು, ಮುಂದೆ ಮೂರು ಕಿಲೋಮೀಟರ್ ಬಿಸಿಲಲ್ಲಿ ನಡೆದು ಬಂದಿದ್ದಳು. ಕೈಯಲ್ಲಿ ಒಂದು ಅರ್ಜಿ ಮತ್ತು ಮೇಲಿನ ಕಚೇರಿಯ ಸುತ್ತೋಲೆಯ ಜೆರಾಕ್ಸ್. ಸುತ್ತೋಲೆಯ ಪ್ರಕಾರ ಏಪ್ರಿಲ್‌ನಲ್ಲಿ ರಾಜ್ಯ ಕ್ರೀಡಾ ವಸತಿ ನಿಲಯದ ಆಯ್ಕೆ. ಪ್ರತಿ ಒಳಾಂಗಣ ಕ್ರೀಡಾಂಗಣ ಒಂದು ಹೆಸರು ಕಳಿಸಬೇಕು. ಕಳಿಸುವ ಹೆಸರಿಗೆ ಈ ವರ್ಷದಿಂದ ಒಳಾಂಗಣದ ಮ್ಯಾಟಿನ ಮೇಲೆ ಕನಿಷ್ಠ ಹತ್ತು ದಿನದ ಹಾಜರಾತಿ ಇರಬೇಕು. ಜೂನ್ ಒಂದಕ್ಕೆ ಹದಿನೆಂಟು ತುಂಬಿರಬಾರದು.

"ಹೋದ ವರ್ಷ ಟ್ರಯಲ್ಸ್‌ನ್ಯಾಗ ಬಿದ್ದೇನ್ರಿ ಸರ್," ಅಂದಳು. "ನಾವು ಮಣ್ಣಾಗ ಕಾಲು ಜಾರಿಸಿ ಹೊಳ್ಳಿ ತಿರುಗತೇವಿ. ಮ್ಯಾಟು ಕಾಲು ಹಿಡೀತೈತಿ. ಹತ್ತು ದಿನ ಆಡಿದ್ರ ಕಾಲಿಗೆ ತಿಳೀತೈತ್ರಿ. ಇದು ನಂದು ಕಡೇ ವರ್ಷ."

ನಾನು ನಿಯಮ ನಾಲ್ಕು ಓದಿ ಹೇಳಿದೆ. ಬೂಟು ಬಿಚ್ಚುತ್ತೇನೆ ಅಂದಳು. ನಿಯಮ ಐದು ಓದಿ ಹೇಳಿದೆ. ಸಾಕ್ಸ್ ಹಾಕಿಕೊಂಡು ಆಡಲೇ ಎಂದು ಕೇಳಿದಳು. ನನ್ನ ಮುತ್ತಜ್ಜನ ಎದುರು ಕೂಡ ಯಾರೂ ಇಂಥ ಪ್ರಶ್ನೆ ಎತ್ತಿರಲಿಕ್ಕಿಲ್ಲ. ಸಾಕ್ಸ್ ಎಂಬುದು ಪಾದರಕ್ಷೆಯೋ ಅಥವಾ ಬರಿಗಾಲಿನ ಒಂದು ಬಗೆಯೋ ಎಂದು ಸ್ಪಷ್ಟೀಕರಣ ಕೋರಿ ಅವತ್ತೇ ಮೇಲಿನ ಕಚೇರಿಗೆ ಪತ್ರ ಬರೆದೆ. ಮದುವೆಗೆ ಹಾಸುವ ಕಾರ್ಪೆಟ್ಟನ್ನೇ ಹಾಸಬಹುದಲ್ಲ ಎಂದಳು. ಅದು ಶುಭಕಾರ್ಯಕ್ಕೆ ಮಾತ್ರ, ಮೇಲಾಗಿ ಕಾರ್ಪೆಟ್ಟಿನ ಮೇಲೆ ಆಡಿದರೆ ಅದು ಮ್ಯಾಟಿನ ಹಾಜರಾತಿ ಆಗುವುದಿಲ್ಲ ಎಂದು ತಿಳಿಹೇಳಿದೆ. ಹುಡುಗಿ ನಮಸ್ಕಾರ ಮಾಡಿ ಹೋದಳು. ಮರುವಾರ ಮತ್ತೆ ಬಂದಳು. ಅದರ ಮರುವಾರವೂ ಬಂದಳು. ಬಾಗಿಲು ಕಾಯುವ ರಾಜೇಸಾಬ ಆಕೆಯನ್ನು ದೂರದಿಂದ ಕಂಡ ಕೂಡಲೇ ನೀರಿನ ತಂಬಿಗೆ ತುಂಬಿಸಿ ಇಡತೊಡಗಿದ. ಇದು ಆತನ ಕರ್ತವ್ಯದ ಪಟ್ಟಿಯಲ್ಲಿ ಇಲ್ಲ.

ಫೆಬ್ರುವರಿ ಕೊನೆಗೆ ಮೇಲಿನಿಂದ ಪತ್ರ ಬಂತು. ಸಾಕ್ಸ್ ಬಗ್ಗೆ ಅಲ್ಲ. ಒಳಾಂಗಣ ಕ್ರೀಡಾಂಗಣಗಳು ಮಾರ್ಚ್ ಮೂವತ್ತೊಂದರೊಳಗೆ ಒಂದು ದೇಸಿ ಕ್ರೀಡೆ ನಡೆಸದಿದ್ದರೆ ಅನುದಾನ ವಾಪಸ್ ಎಂದು ಪತ್ರ ಹೇಳಿತ್ತು. ಅನುದಾನ ವಾಪಸ್ ಎಂಬ ಮಾತು ಕಿವಿಗೆ ಬಿದ್ದೊಡನೆ ಫಕ್ಕೀರೇಶಪ್ಪನವರು ಕುರ್ಚಿಯಿಂದ ಎದ್ದು ನಿಂತರು. ಅವತ್ತು ಜಯಾ ಕೂಡ ಅಲ್ಲೇ ಇದ್ದಳು. ಕಬಡ್ಡಿಯೂ ದೇಸಿ ಆಟವೇ ಎಂದು ನೆನಪಿಸಿದಳು.

"ಕಬಡ್ಡಿ ನೋಡಾಕ ಯಾರು ಬರ್ತಾರವಾ ತಂಗಿ?" ಅಂದರು ಫಕ್ಕೀರೇಶಪ್ಪ. "ದೇಸಿ ಅಂದ್ರ ಹೋರಿ. ಹೋರಿ ಅಂದ್ರ ನಾಕೂ ತಾಲೂಕು ಬಂದು ನಿಂದರ್ತಾವ. ಬರ್ಕೊಳ್ರಿ ಆಚಾರ್ರ."

ಹೋರಿ ಬೆದರಿಸುವ ಸ್ಪರ್ಧೆ ನಮ್ಮ ಕಡೆ ದೀಪಾವಳಿಯಿಂದ ಹಿಡಿದು ಬೇಸಿಗೆ ಹತ್ತುವವರೆಗೂ ನಡೆಯುತ್ತದೆ. ಹೋರಿಯ ಕೊರಳಿಗೆ ಕೊಬ್ಬರಿ ಬಟ್ಟಲುಗಳ ಸರ ಕಟ್ಟಿ, ಸಾವಿರಾರು ಜನರ ನಡುವೆ ಓಡಿಸುತ್ತಾರೆ. ಕೊಬ್ಬರಿ ಹರಿಯಲು ಹುಡುಗರು ಮೈಮೇಲೆ ಬೀಳುತ್ತಾರೆ. ಯಾರ ಕೈಗೂ ಕೊಬ್ಬರಿ ಕೊಡದೆ ದಾಟಿದ ಹೋರಿ ಗೆದ್ದಂತೆ. ಇದನ್ನು ಬಯಲಿನಲ್ಲಿ ಮಾಡುತ್ತಾರೆ, ಯಾಕೆಂದರೆ ಹೋರಿಗೆ ಗೋಡೆ ಗೊತ್ತಿಲ್ಲ. ಒಳಾಂಗಣದಲ್ಲಿ ಮಾಡುವ ಯೋಚನೆ ಜಗತ್ತಿನಲ್ಲಿ ಮೊದಲು ಬಂದದ್ದು ನಮ್ಮ ಅಧ್ಯಕ್ಷರಿಗೆ.

ಪ್ರಶ್ನೆ ಉಳಿದದ್ದು ಒಂದೇ: ಹೋರಿ ಮ್ಯಾಟಿನ ಮೇಲೆ ಹೇಗೆ ಕಾಲಿಡಬೇಕು? ಇಲ್ಲಿ ನನ್ನ ಮನೆತನದ ವಿದ್ಯೆ ಕೆಲಸಕ್ಕೆ ಬಂತು. ಗೊರಸು ಪಾದರಕ್ಷೆಯಲ್ಲ, ಯಾಕೆಂದರೆ ಬಿಚ್ಚಲು ಬರುವುದಿಲ್ಲ. ಗೊರಸು ಬರಿಗಾಲೂ ಅಲ್ಲ, ಯಾಕೆಂದರೆ ಬೆವರುವುದಿಲ್ಲ. ಆದ್ದರಿಂದ ಹೋರಿಯು ನಿಯಮ ಆರರ 'ಉಳಿದೆಲ್ಲರು' ಎಂಬಲ್ಲಿ ಬರುತ್ತದೆ ಎಂದು ಒಂದೂವರೆ ಪುಟದ ಟಿಪ್ಪಣಿ ಬರೆದೆ. ಓದಿದವರೆಲ್ಲ ತಲೆದೂಗಿದರು. ನಿಜ ಹೇಳುತ್ತೇನೆ, ಬರೆಯುವಾಗ ನನಗೆ ಬಹಳ ಖುಷಿಯಾಗಿತ್ತು.

ಹೋರಿಗಳು ಸ್ಪರ್ಧೆಗೆ ಮುಂಚೆ ಹತ್ತು ದಿನ ಮ್ಯಾಟಿನ ಮೇಲೆ ಅಭ್ಯಾಸ ಮಾಡತಕ್ಕದ್ದೆಂದು ಪ್ರಕಟಣೆ ಹೊರಡಿಸಲಾಯಿತು. ನಾಲ್ಕು ತಾಲೂಕಿನ ಹೋರಿ ಮಾಲೀಕರು ಅದನ್ನು ಓದಿ ನಕ್ಕು, ಬೀಡಿ ಹಚ್ಚಿಕೊಂಡು ಹೋದರು. ಬಂದವನು ಒಬ್ಬನೇ, ಉಳಿವೆಪ್ಪ. ಆತನ ಹೋರಿಯ ಹೆಸರು ತಡಸದ ತೂಫಾನ್. ಬಂಡೆ ಕಡೆದ ಹಾಗೆ ಮೈ, ಕಪ್ಪು ಕೋಡು, ಆರು ವರ್ಷ ಯಾರ ಕೈಗೂ ಕೊಬ್ಬರಿ ಕೊಟ್ಟಿರಲಿಲ್ಲ. ಹೆಣ್ಣುಮಕ್ಕಳನ್ನು ಹೋರಿ ಓಡುವ ಅಖಾಡಕ್ಕೆ ಬಿಡುವುದಿಲ್ಲವಲ್ಲ, ಹಾಗಾಗಿ ಜಯಾ ಚಿಕ್ಕವಳಿದ್ದಾಗಿನಿಂದ ಹಿತ್ತಲಲ್ಲೇ ಈ ಹೋರಿಯ ಕೊರಳಿಗೆ ಕೈ ಹಾಕಿ ತಪ್ಪಿಸಿಕೊಳ್ಳುವ ಆಟ ಆಡಿದವಳು. ಕಬಡ್ಡಿ ಆಕೆಗೆ ಕಲಿಸಿದ್ದು ಅದೇ ಅಂತ ಉಳಿವೆಪ್ಪ ಹೇಳಿದ.

ಆತ ಬಂದದ್ದು ಹೋರಿಗಾಗಿ ಅಲ್ಲ. "ಹೋರಿ ಒಳಗ ಹ್ವಾದ್ರ ಹಗ್ಗ ಹಿಡಿಯಾಕ ಒಬ್ರು ಬೇಕಲ್ರಿ ಸಾಹೇಬ್ರ," ಅಂದ ಮೆಲ್ಲಗೆ. "ನನ್ನ ಮಗಳು ಹಿಡೀತಾಳ. ಹಂಗಾರ ಆಕೀದೂ ಹತ್ತು ದಿನ ಆಗ್ತಾವಲ್ರಿ?"

ಹಳ್ಳಿಯವರ ಈ ಜಾಣತನ ನನಗೆ ಹೊಸದಲ್ಲ. ಹಗ್ಗ ಹಿಡಿಯುವವರು ಅಗತ್ಯವೆಂದು ಒಪ್ಪಿದೆ. ಆದರೆ ಹಗ್ಗ ಹಿಡಿಯುವವರಿಗೆ ಕಾಲುಗಳಿರುವುದರಿಂದ ಅವರು ಹೊಸ್ತಿಲ ಆಚೆ ನಿಂತು ಹಿಡಿಯತಕ್ಕದ್ದೆಂದು ಷರತ್ತು ಹಾಕಿದೆ. ಉಳಿವೆಪ್ಪ ಬಂಕಾಪುರಕ್ಕೆ ಹೋಗಿ ಮೂವತ್ತು ಮೊಳ ಹಗ್ಗ ತಂದ.

ಹತ್ತು ದಿನ ಹೀಗೆ ನಡೆಯಿತು. ತೂಫಾನ್ ಮ್ಯಾಟಿನ ನಡುವೆ ದೀಪದ ಕೆಳಗೆ ನಿಂತು ಮೆಲುಕು ಹಾಕುತ್ತಿತ್ತು. ಜಯಾ ಹೊಸ್ತಿಲ ಹೊರಗೆ ಹಗ್ಗ ಹಿಡಿದು ನಿಂತು ಮ್ಯಾಟು ನೋಡುತ್ತಿದ್ದಳು. ಹೋರಿ ಒಂದು ಹೆಜ್ಜೆಯೂ ಓಡಲಿಲ್ಲ. ಓಡಿಸಬಾರದೇ ಎಂದು ಉಳಿವೆಪ್ಪನನ್ನು ಗದರಿದೆ. "ಮಂದಿ ಹೆದರಿಸಿದ್ರ ಓಡ್ತೈತ್ರಿ ಅದು. ಇಲ್ಲೆ ಯಾರಿಗೆ ಹೆದರಬೇಕ್ರಿ? ನಿಮಗೇನ್ರಿ?" ಅಂದ. ಇದನ್ನು ಉದ್ಧಟತನ ಎಂದು ದಾಖಲಿಸಲು ಹೋಗಿ ಬಿಟ್ಟೆ. ಗೊರಸು ಊರಿದಲ್ಲಿ ಮ್ಯಾಟು ಹನ್ನೆರಡು ಕಡೆ ತೂತು ಬಿದ್ದಿತ್ತು. ಅವನ್ನು ಗಾಳಿಯಾಡುವ ರಂಧ್ರಗಳೆಂದು ತೋರಿಸಲಾಗಿದೆ. ಸೆಗಣಿಯನ್ನು ರಾಜೇಸಾಬ ಬಳಿದು ತೆಗೆದ, ಕಾರ್ಪೆಟ್ ತುಂಡಿನ ಮೇಲೆ ನಿಂತು.

ಮಧ್ಯಾಹ್ನ ಹಗ್ಗವನ್ನು ಅಪ್ಪನ ಕೈಗೆ ಕೊಟ್ಟು ಜಯಾ ಎದುರಿನ ಕಾರು ನಿಲ್ಲಿಸುವ ಜಾಗಕ್ಕೆ ಹೋಗುತ್ತಿದ್ದಳು. ಅಲ್ಲಿ ಜಲ್ಲಿ ಸುರಿದಿದೆ. ಅದರ ಮೇಲೆ ಇಟ್ಟಿಗೆ ತುಂಡಿನಿಂದ ಗೆರೆ ಎಳೆದು, ಎದುರಿಗೆ ಯಾರೂ ಇಲ್ಲದೆ, ಕಬಡ್ಡಿ ಕಬಡ್ಡಿ ಎನ್ನುತ್ತ ಹೋಗಿ ಬರುತ್ತಿದ್ದಳು. ಮೊಣಕಾಲು ಎರಡೂ ಕೆತ್ತಿ ಹೋಗಿದ್ದವು. ಆ ದನಿ ನನ್ನ ಕಿಟಕಿಗೆ ಕೇಳುತ್ತಿತ್ತು. ಎಂಟನೇ ದಿನ ನಾನು ಕಿಟಕಿ ಮುಚ್ಚಿಸಿದೆ, ಧೂಳು ಬರುತ್ತದೆಂದು.

ಸ್ಪರ್ಧೆಯ ದಿನ ಜನ ಬಂದರು, ಅಂಗಡಿಗಳು ಬಂದವು, ಟಿಕೀಟು ಹರಿಯಿತು. ತೂಫಾನನ ಕೊರಳಿಗೆ ಐವತ್ತು ಕೊಬ್ಬರಿ ಬಟ್ಟಲಿನ ಸರ. ಒಂದೇ ಹೋರಿ. ಮ್ಯಾಟಿನ ಮೇಲೆ ಮನುಷ್ಯರು ಕಾಲಿಡುವಂತಿಲ್ಲವಾದ್ದರಿಂದ ಕೊಬ್ಬರಿ ಹರಿಯಲು ಯಾರೂ ಇಳಿಯಲಿಲ್ಲ. ಹೋರಿ ನಿಂತೇ ಇತ್ತು, ಜನ ಗ್ಯಾಲರಿಯಲ್ಲಿ ಕೂತೇ ಇದ್ದರು. ಮುಕ್ಕಾಲು ಗಂಟೆಯ ನಂತರ ಒಂದು ನವಿಲು ಇಳಿದು ಬಂದು ಒಂದು ಬಟ್ಟಲು ಕುಕ್ಕಿತು. ಅದು ಹೆಸರು ನೋಂದಾಯಿಸಿಲ್ಲವಾದ್ದರಿಂದ ಲೆಕ್ಕಕ್ಕಿಲ್ಲ. ಯಾರ ಕೈಗೂ ಕೊಬ್ಬರಿ ಕೊಡದ ತಡಸದ ತೂಫಾನನನ್ನು ಅಜೇಯ ಎಂದು ಘೋಷಿಸಲಾಯಿತು. ಚಪ್ಪಾಳೆ ಜೋರಾಗಿತ್ತು. ಅನುದಾನ ಉಳಿಯಿತು.

ಏಪ್ರಿಲ್ ಮೂರಕ್ಕೆ ವಸತಿ ನಿಲಯಕ್ಕೆ ಒಂದು ಹೆಸರು ಕಳಿಸಬೇಕಿತ್ತು. ನಾನು ಹಾಜರಾತಿ ಪುಸ್ತಕ ತೆರೆದೆ. ಮ್ಯಾಟಿನ ಮೇಲೆ ಹತ್ತು ದಿನ ಪೂರ್ತಿ ಮಾಡಿದ ಹೆಸರು ಅದರಲ್ಲಿ ಒಂದೇ ಇತ್ತು. ಆಟ ಬೇರೆಯಲ್ಲವೇ ಎಂದು ನಾನೇ ಅಧ್ಯಕ್ಷರನ್ನು ಕೇಳಿದೆ, ಇದು ಕಡತದಲ್ಲಿದೆ. "ಏನ್ ಬ್ಯಾರೆ ಅದಾವ್ರಿ ಆಚಾರ್ರ?" ಅಂದರು. "ಕಬಡ್ಡ್ಯಾಗ ಏಳು ಮಂದಿ ಕೈಗೆ ಸಿಗಬಾರ್ದು, ಇಲ್ಲೆ ಏಳು ಸಾವಿರ ಮಂದಿ ಕೈಗೆ ಸಿಗಬಾರ್ದು. ಹೋರಿನ ಹೆಚ್ಚು." ಮಾತಿನಲ್ಲಿ ತರ್ಕವಿತ್ತು. ನಮೂನೆ ತುಂಬಿದೆ. ಹೆಸರು, ತೂಫಾನ್. ತಂದೆ ಅಥವಾ ಪಾಲಕ, ಉಳಿವೆಪ್ಪ. ವಯಸ್ಸು, ಹತ್ತು; ಹದಿನೆಂಟು ತುಂಬಿರಲಿಲ್ಲ. ಆಟ, ಕಬಡ್ಡಿ.

ಜಯಾ ಮೇಜಿನ ಎದುರು ನಿಂತಿದ್ದಳು. ನಾನು ಬರೆಯುವುದನ್ನು ತಲೆಕೆಳಗಾಗಿ ಓದಿದಳು. "ಸರ್, ಹಗ್ಗ ನಾನ ಹಿಡಿದಿದ್ದೆ," ಅಂದಳು. ಅಷ್ಟೇ. ಹಗ್ಗ ಹಿಡಿದದ್ದಕ್ಕೆ ಪ್ರಮಾಣಪತ್ರ ಬೇಕಾದರೆ ಬೇರೆ ಅರ್ಜಿ ಕೊಡಬೇಕೆಂದು ಹೇಳಿದೆ.

ಮನೆಗೆ ಬಂದು ಊಟಕ್ಕೆ ಕೂತಾಗ ನಮ್ಮ ಅವ್ವ ಗೋಪಿಕಾಬಾಯಿಗೆ ಇದನ್ನೆಲ್ಲ ಹೇಳಿದೆ, ನಗುತ್ತಾಳೆಂದು. ಎಂಬತ್ತೆರಡರ ಹೆಂಗಸು, ನಗಲಿಲ್ಲ. ಹುಳಿ ಬಡಿಸುವ ಸೌಟು ಕೈಯಲ್ಲಿ ಹಿಡಿದು, "ಗುರು, ಆ ಹುಡುಗಿ ಹೆಸರು ಬರೀಲಿಕ್ಕೆ ನಿನ್ನ ಪೆನ್ನಿನಾಗ ಶಾಯಿ ಇದ್ದಿದ್ದಿಲ್ಲೇನೋ?" ಅಂದಳು. ಶಾಯಿ ಇತ್ತು ಅಂದೆ. ಅವ್ವ ಹುಳಿ ಬಡಿಸಿದಳು. ಅವತ್ತಿನ ಹುಳಿ ನನಗೆ ರುಚಿಸಲಿಲ್ಲ. ಉಪ್ಪು ಸರಿಯಾಗೇ ಇತ್ತು.

ತೂಫಾನ್ ಆಯ್ಕೆಯಾಯಿತು. ಕಾಗದಪತ್ರ ಪೂರ್ತಿ ಇದ್ದ ಅರ್ಜಿ ನಮ್ಮದೊಂದೇ ಅಂತೆ. ಉಳಿದ ಕ್ರೀಡಾಂಗಣದವರು ಹುಡುಗ ಹುಡುಗಿಯರ ಹೆಸರು ಕಳಿಸಿ, ಹಾಜರಾತಿ ಇಲ್ಲದೆ ತಿರಸ್ಕೃತರಾಗಿದ್ದರು. ಉಳಿವೆಪ್ಪ ಹೋರಿಯನ್ನು ಹಾಸ್ಟೆಲ್ಲಿಗೆ ಕಳಿಸಲು ಒಪ್ಪಲಿಲ್ಲ. ಅದರಿಂದ ತೊಂದರೆಯೇನೂ ಆಗಲಿಲ್ಲ. ತಿಂಗಳ ಹಾಜರಾತಿಯನ್ನು ನಾನು ಅಂಚೆಯಲ್ಲಿ ಕಳಿಸುತ್ತೇನೆ. ಹಾಸ್ಟೆಲ್ಲಿನಲ್ಲಿ ತೂಫಾನನ ಪಾಲಿನ ಎರಡು ಮೊಟ್ಟೆ ದಿನಾ ಯಾರು ತಿನ್ನುತ್ತಾರೆ ಎಂಬುದು ಸಮಿತಿಯ ವ್ಯಾಪ್ತಿಗೆ ಬರುವುದಿಲ್ಲ. ಆತನ ಹೆಸರಿಗೆ ಬಂದ ಮ್ಯಾಟಿನ ಬೂಟು, ಆರು ನಂಬರಿನವು, ವರ್ಗಾಯಿಸಲು ಬರುವುದಿಲ್ಲವಾದ್ದರಿಂದ ನಮ್ಮ ಕಪಾಟಿನಲ್ಲಿವೆ. ಜಯಾ ಒಮ್ಮೆ ಅವನ್ನು ಗಾಜಿನ ಹೊರಗಿನಿಂದ ನೋಡಿ, ಆರು ನಂಬರ್ ತನ್ನದೂ ಹೌದು ಎಂದಳು. ಜೂನ್ ಒಂದು ಬಂತು, ಹೋಯಿತು. ಆಮೇಲೆ ಆಕೆ ಬರಲಿಲ್ಲ. ರಾಜೇಸಾಬ ಇನ್ನೂ ಕೆಲವು ವಾರ ತಂಬಿಗೆ ತುಂಬಿಸಿ ಇಡುತ್ತಿದ್ದ.

ಮರುವರ್ಷ ಫೆಬ್ರುವರಿಯಲ್ಲಿ ಬಂದಳು, ಮದುಮಗಳಾಗಿ. ವಯಸ್ಸು ಹದಿನೆಂಟು ತುಂಬಿತ್ತು. ವರ ಹಿರೇಕೆರೂರು ಕಡೆಯವನು, ಗೊಬ್ಬರದ ಅಂಗಡಿ. ತೂಫಾನನ ಮನೆತನದವರೆಂದು ಸಮಿತಿಯು ಬಾಡಿಗೆಯಲ್ಲಿ ರಿಯಾಯಿತಿ ಕೊಟ್ಟಿತ್ತು. ರಾಜೇಸಾಬ ಎರಡೂ ಬಾಗಿಲು ತೆರೆದ. ಅವತ್ತು ಹಾನಗಲ್ಲಿನಲ್ಲೂ ಮದುವೆ ಇದ್ದುದರಿಂದ ಶಾಮಿಯಾನದವನ ಕಾರ್ಪೆಟ್ ಒಂದು ಸುರುಳಿ ಕಡಿಮೆ ಬಿದ್ದಿತ್ತು. ಬಾಗಿಲಿಗೂ ಮಂಟಪಕ್ಕೂ ನಡುವೆ ಒಂದೂವರೆ ಮೊಳ ನೀಲಿ ಮ್ಯಾಟು ಬರಿದಾಗಿ ಕಾಣುತ್ತಿತ್ತು. ಅದನ್ನು ಜಿಗಿದು ದಾಟತಕ್ಕದ್ದೆಂದು ನಾನು ಮೈಕಿನಲ್ಲಿ ವಿನಂತಿಸಿದೆ. ಬೀಗರು ಜಿಗಿದರು. ಪುರೋಹಿತರು ಕಚ್ಚೆ ಎತ್ತಿ ಜಿಗಿದರು. ಮುದುಕಿಯರನ್ನು ರಟ್ಟೆ ಹಿಡಿದು ದಾಟಿಸಿದರು. ಈ ಕಡೆಯ ಪದ್ಧತಿ ಇರಬೇಕೆಂದು ಗಂಡಿನ ಕಡೆಯವರು ತಮ್ಮೊಳಗೆ ಮಾತಾಡಿಕೊಂಡರು. ವರ ಎರಡು ಸಲ ಜಿಗಿದ, ಒಂದು ಸಲ ಫೋಟೋಕ್ಕೆ.

ಜಯಾ ಅಂಚಿಗೆ ಬಂದು ನಿಂತಳು. ಕಾಲಿಗೆ ಅರಿಷಿಣ ಹಚ್ಚಿತ್ತು. ಎಲ್ಲರೂ ಜಿಗಿ, ಜಿಗಿ ಅಂದರು. ಆಕೆ ಜಿಗಿಯಲಿಲ್ಲ. ಸೀರೆ ಒಂದಿಷ್ಟು ಮೇಲೆತ್ತಿ ಬಲಗಾಲನ್ನು ಮ್ಯಾಟಿನ ಮೇಲೆ ಊರಿದಳು, ಪೂರ್ತಿ ಅಂಗಾಲು. ಭಾರ ಹಾಕಿ ಒತ್ತಿದಳು. ಹಿಮ್ಮಡಿಯ ಮೇಲೆ ಒಮ್ಮೆ ಸರಕ್ಕನೆ ಹೊಳ್ಳಿದಳು. ಬೀಳಲಿಲ್ಲ. ಮೈಕು ಹಿಡಿದು ನಿಂತಿದ್ದ ನನ್ನ ಕಡೆ ನೋಡಿ, "ಹಿಡೀತೈತ್ರಿ ಸರ್," ಅಂದಳು. ಆಮೇಲೆ ಕಾರ್ಪೆಟ್ ಹತ್ತಿ ಮಂಟಪಕ್ಕೆ ಹೋದಳು.

ನಿಯಮ ಐದರ ಉಲ್ಲಂಘನೆಯನ್ನು ಅಧ್ಯಕ್ಷರು ಕಣ್ಣಾರೆ ಕಂಡಿದ್ದರಿಂದ ದಂಡ ಹಾಕುವುದು ಅನಿವಾರ್ಯವಾಯಿತು. ಯಾರೂ ತಕರಾರು ಮಾಡಲಿಲ್ಲ. ಆಯೇರಿನ ಉಡುಗೊರೆಯಾಗಿ ಬಂದ ದುಡ್ಡಿನಿಂದ ಉಳಿವೆಪ್ಪ ಅಲ್ಲೇ ಕಟ್ಟಿದ, ಗಂಡಿನ ಕಡೆಯವರು ಕಾಯಿದೆ ಅಂದ ಮೇಲೆ ಕಾಯಿದೆ ಅಂದರು, ಊಟ ಚೆನ್ನಾಗಿತ್ತು. ಅರಿಷಿಣದ ಹೆಜ್ಜೆಯನ್ನು ಒರೆಸಲು ರಾಜೇಸಾಬನಿಗೆ ಹೇಳಿದೆ. ಬಟ್ಟೆ ಸಿಗುತ್ತಿಲ್ಲ ಎಂದು ಆತ ಇವತ್ತಿಗೂ ಹೇಳುತ್ತಿದ್ದಾನೆ. ಸಾಕ್ಸ್ ಕುರಿತ ಸ್ಪಷ್ಟೀಕರಣ ಇನ್ನೂ ಬಂದಿಲ್ಲ.

ದಂಡದ ಫಾರ್ಮು ಅಚ್ಚಾಗಿ ಬಂದಿರಲಿಲ್ಲ. ಆಟಗಾರರ ಹಾಜರಾತಿ ಫಾರ್ಮು ಬಳಸದೆ ಕಟ್ಟುಗಟ್ಟಲೆ ಬಿದ್ದಿತ್ತಾದ್ದರಿಂದ ಅದನ್ನೇ ಆಕೆಯ ಮುಂದಿಟ್ಟೆ. ಕೈಗೆ ಕಂಕಣ ಕಟ್ಟಿಕೊಂಡೇ ಜಯಾ ತುಂಬಿದಳು. ಮ್ಯಾಟಿಗೆ ಇಳಿದ ಕಾರಣ ಎಂಬಲ್ಲಿ 'ಪ್ರಾಕ್ಟೀಸ್' ಎಂದು ಬರೆದಳು. ಒಟ್ಟು ದಿನ ಎಂಬಲ್ಲಿ 'ಒಂದು' ಎಂದು ಬರೆದು ಸಹಿ ಮಾಡಿದಳು. ಅರ್ಹತೆಗೆ ಇನ್ನೂ ಒಂಬತ್ತು ದಿನ ಕಡಿಮೆ ಬೀಳುತ್ತವೆ ಎಂದು ನಾನು ಅಂಚಿನಲ್ಲಿ ಷರಾ ಬರೆದು, ಮೊಹರು ಒತ್ತಿ, ಕಡತ ಮುಚ್ಚಿದೆ.